300 ಎಂಬಿಯ ಮುಂಗಾರು ಮಳೆ

ಮೊದಲು ಒಂದು ಸಣ್ಣ ಲೆಕ್ಕ. ಎರಡೂವರೆ ಗಂಟೆಯ ಕನ್ನಡ ಸಿನಿಮಾ ಎಂದರೆ 9,000 ಸೆಕೆಂಡು. ಅದನ್ನು 300 ಎಂಬಿಯ ಫೈಲಿನೊಳಗೆ ತುರುಕಿದರೆ ಒಂದು ಸೆಕೆಂಡಿನ ಪಾಲಿಗೆ ಬರುವುದು ಸುಮಾರು 266 ಕಿಲೋಬಿಟ್. ಅದರಲ್ಲಿ 64 ಅನ್ನು ಧ್ವನಿಗೆ ತೆಗೆದಿಟ್ಟರೆ ಚಿತ್ರಕ್ಕೆ ಉಳಿಯುವುದು ಇನ್ನೂರು. ಸೆಕೆಂಡಿಗೆ 24 ಫ್ರೇಮು. ಅಂದರೆ ಒಂದು ಫ್ರೇಮಿಗೆ ಎಂಟು ಚಿಲ್ಲರೆ ಕಿಲೋಬಿಟ್, ಸರಿಸುಮಾರು ಒಂದು ಕೆಬಿ. ಯೂನಿಕೋಡ್ ಕನ್ನಡವನ್ನು ಫೈಲಿನಲ್ಲಿ ಉಳಿಸುವಾಗ ಒಂದೊಂದು ಅಕ್ಷರಕ್ಕೂ, ಅದರ ಕೊಂಬು ಇಳಿಗಳಿಗೂ ಬೇರೆ ಬೇರೆಯಾಗಿ ಮೂರು ಮೂರು ಬೈಟು ಬೇಕು. ಹಾಗಾಗಿ ಈ ಪ್ಯಾರಾ ಮುಗಿಯುವ ಮೊದಲೇ ನಾನು ಒಂದು ಕೆಬಿ ದಾಟಿಬಿಟ್ಟಿದ್ದೇನೆ. ಆ ಫೈಲಿನಲ್ಲಿ ಜೋಗ ಜಲಪಾತದ ಒಂದು ಫ್ರೇಮಿಗೆ ಸಿಗುವ ಜಾಗ ನನ್ನ ಈ ಪ್ಯಾರಾಕ್ಕಿಂತ ಕಡಿಮೆ.

ಥಿಯೇಟರಿಗೆ ಹೋಗುವ ಡಿಜಿಟಲ್ ಪ್ರತಿಗೆ ಸೆಕೆಂಡಿಗೆ 250 ಮೆಗಾಬಿಟ್‌ವರೆಗೆ ಅವಕಾಶವಿದೆ. ನಮ್ಮ ಪುಟ್ಟ ಫೈಲಿಗೆ ಹೋಲಿಸಿದರೆ ಹತ್ತಿರ ಹತ್ತಿರ ಸಾವಿರ ಪಟ್ಟು. ಸಾವಿರ ರೂಪಾಯಿಯ ಊಟವನ್ನು ಒಂದು ರೂಪಾಯಿಯಲ್ಲಿ ಉಂಡು, ಅಡುಗೆ ಹೇಗಿತ್ತು ಅಂತ ಬರೆಯುವವರು ನಾವು.

"ನಾವು" ಎಂದದ್ದು ಯೋಚಿಸಿಯೇ. ಪುಣೆ, ಹೈದರಾಬಾದ್, ಚೆನ್ನೈಗಳಲ್ಲಿ ನೆಲೆ ನಿಂತ ನಮ್ಮಂಥವರಿಗೆ ಕನ್ನಡ ಸಿನಿಮಾ ಬಹಳ ವರ್ಷ ಪರದೆಯ ಮೇಲೆ ಸಿಕ್ಕಿದ್ದೇ ಅಪರೂಪ. ಯಾರೋ ಓಡಾಡಿ ಹೊಂದಿಸಿದ ಭಾನುವಾರ ಬೆಳಗಿನ ಒಂದು ಆಟ, ಅದೂ ಒಂದೇ ವಾರ. ಉಳಿದಂತೆ ನಮ್ಮ ಸಿನಿಮಾ ಎಂದರೆ ರಜೆಗೆ ಹೋದಾಗ ಊರಿಂದ ತಂದ ವಿಸಿಡಿ, ಆಮೇಲೆ ಒಂದು ಸಿಡಿಗೆ ಸರಿಹೊಂದುವ 700 ಎಂಬಿ ಫೈಲು, ಆಮೇಲೆ ಮೊಬೈಲಿಗೆಂದೇ ಇಳಿಸಿದ 300 ಎಂಬಿ, ಈಗ ಅಧಿಕೃತ ಆ್ಯಪುಗಳಲ್ಲೇ ಇರುವ 'ಡೇಟಾ ಸೇವರ್' ಡೌನ್‌ಲೋಡು. ಇವುಗಳಲ್ಲಿ ಕದ್ದ ಪ್ರತಿಗಳು ನಿರ್ಮಾಪಕನ ಹೊಟ್ಟೆಗೆ ಹೊಡೆದಿವೆ, ಆ ಬಗ್ಗೆ ನನಗೆ ಎರಡು ಮಾತಿಲ್ಲ. ಆದರೆ ನಾನು ಹೇಳಹೊರಟದ್ದು ಬೇರೆ. ದುಡ್ಡು ಕೊಟ್ಟು ನ್ಯಾಯವಾಗಿ ಇಳಿಸಿಕೊಂಡ ಡೇಟಾ ಸೇವರ್ ಪ್ರತಿಯೂ ಕುಗ್ಗಿಸಿದ ಪ್ರತಿಯೇ. ನನ್ನ ಪ್ರಶ್ನೆ ಇಷ್ಟು: ಹೀಗೆ ಕುಗ್ಗಿದ ಪ್ರತಿಗಳನ್ನು ನೋಡಿ ನೋಡಿ ನಮ್ಮಲ್ಲಿ ಬೆಳೆದ ಅಭಿರುಚಿ ಎಂಥದ್ದು? "ಕನ್ನಡ ಸಿನಿಮಾದಲ್ಲಿ ಮಾತೇ ಬಂಡವಾಳ, ಕ್ಯಾಮೆರಾ ಲೆಕ್ಕಕ್ಕಿಲ್ಲ" ಎಂಬ ಮಾತನ್ನು ನಮ್ಮ ಗುಂಪುಗಳಲ್ಲಿ ಎಷ್ಟು ಸಲ ಕೇಳಿಲ್ಲ? ಅದು ನಮ್ಮ ಅಭಿಪ್ರಾಯವೋ, ಫೈಲಿನ ಅಭಿಪ್ರಾಯವೋ?

ಫೈಲಿಗೂ ಅಭಿಪ್ರಾಯ ಇರುತ್ತದೆ. ಚಿತ್ರ ಕುಗ್ಗಿಸುವ ತಂತ್ರಾಂಶಕ್ಕೆ ಕೋಡೆಕ್ ಎನ್ನುತ್ತೇವೆ. ಅದು ಫ್ರೇಮನ್ನು ಪುಟ್ಟ ಚೌಕಗಳಾಗಿ ಕತ್ತರಿಸಿ, ಪ್ರತಿ ಚೌಕದಲ್ಲೂ ನಿಧಾನವಾಗಿ ಬದಲಾಗುವ ಭಾಗ ಎಷ್ಟು, ಚೂಪಾದ ಸಣ್ಣ ವಿವರ ಎಷ್ಟು ಎಂದು ಬೇರ್ಪಡಿಸುತ್ತದೆ. ಜಾಗ ಸಾಲದಿದ್ದರೆ ಸಣ್ಣ ವಿವರವನ್ನು ಮೊದಲು ಎಸೆಯುತ್ತದೆ. ಹೀಗೆ ಬೇರ್ಪಡಿಸುವ ಗಣಿತವನ್ನು ಮೊದಲು ಯೋಚಿಸಿದವರು ಬೆಂಗಳೂರಿನಲ್ಲೇ ಹುಟ್ಟಿ, ನಾವೀಗ ಯುವಿಸಿಇ ಎಂದು ಕರೆಯುವ ಕಾಲೇಜಿನಲ್ಲಿ ಓದಿ, ಅಮೆರಿಕಕ್ಕೆ ಹೋದ ನಾಸಿರ್ ಅಹ್ಮದ್. 1972ರಲ್ಲಿ ಈ ಯೋಚನೆ ಹಿಡಿದು ಅಲ್ಲಿನ ನ್ಯಾಷನಲ್ ಸೈನ್ಸ್ ಫೌಂಡೇಶನ್ನಿನ ಬಳಿ ಹಣ ಕೇಳಿದರು, ಸಿಗಲಿಲ್ಲ. ಆದರೂ ಬಿಡದೆ ಟಿ. ನಟರಾಜನ್ ಮತ್ತು ಕೆ. ಆರ್. ರಾವ್ ಅವರೊಂದಿಗೆ 1974ರ ಜನವರಿಯಲ್ಲಿ ಪ್ರಬಂಧ ಪ್ರಕಟಿಸಿದರು. ಡಿಸ್ಕ್ರೀಟ್ ಕೊಸೈನ್ ಟ್ರಾನ್ಸ್‌ಫಾರ್ಮ್ ಎಂಬ ಆ ಗಣಿತ, ಇಲ್ಲವೇ ಅದರ ಸಂತಾನ, ಜೆಪೆಗ್ ಫೋಟೋದಿಂದ ಹಿಡಿದು ವಿಸಿಡಿವರೆಗೆ, ಎಚ್.264ವರೆಗೆ ಎಲ್ಲದರ ಬುಡದಲ್ಲಿದೆ. ಎಂ.ಟೆಕ್‌ನಲ್ಲಿ ಇದರ ಸೂತ್ರಗಳನ್ನು ಉರು ಹೊಡೆದ ನಮಗೆ ಯಾರೂ "ಇವರು ನಮ್ಮೂರಿನವರು" ಅಂತ ಹೇಳಿರಲಿಲ್ಲ. ಹೇಳಿದ್ದರೆ ಇನ್ನೊಂದಿಷ್ಟು ಪ್ರೀತಿಯಿಂದ ಓದುತ್ತಿದ್ದೆವೇನೋ.

ಕೋಡೆಕ್ಕಿನ ಇನ್ನೊಂದು ಉಪಾಯ ಪ್ರಾಜೆಕ್ಟ್ ಮ್ಯಾನೇಜರುಗಳಿಗೆ ಚೆನ್ನಾಗಿ ಗೊತ್ತು. ನನ್ನ ತಂಡದ ವಾರದ ವರದಿಯಲ್ಲಿ ಮುಕ್ಕಾಲು ಪಾಲು ಸಾಲುಗಳ ಮುಂದೆ "ಹೋದ ವಾರದಂತೆಯೇ" ಎಂದಿರುತ್ತದೆ. ಕೋಡೆಕ್ ಮಾಡುವುದೂ ಅದನ್ನೇ. ಕೆಲವು ಸೆಕೆಂಡಿಗೊಮ್ಮೆ ಒಂದು ಫ್ರೇಮನ್ನು ಪೂರ್ತಿ ಬರೆದಿಟ್ಟು, ನಡುವಿನವಕ್ಕೆ "ಹಿಂದಿನಂತೆಯೇ, ಈ ಚೌಕ ಮಾತ್ರ ಸ್ವಲ್ಪ ಎಡಕ್ಕೆ ಸರಿದಿದೆ" ಎಂದು ಷರಾ ಬರೆಯುತ್ತದೆ. ಅಲುಗಾಡದ್ದು ಪುಕ್ಕಟೆ. ಒಂದೇ ದಿಕ್ಕಿಗೆ ಸರಿಯುವುದು ಅಗ್ಗ. ಪ್ರತಿ ಕ್ಷಣವೂ ಹೊಸದಾಗಿ ಹುಟ್ಟುವುದು ದುಬಾರಿ.

ಪ್ರತಿ ಕ್ಷಣವೂ ಹೊಸದಾಗಿ ಹುಟ್ಟುವುದು ಯಾವುದು ಅಂದರೆ ಮಳೆ. ಈ ಫ್ರೇಮಿನ ಹನಿ ಮುಂದಿನ ಫ್ರೇಮಿನಲ್ಲಿ ಇರುವುದಿಲ್ಲ, ಅಲ್ಲಿರುವುದು ಬೇರೆಯದೇ ಹನಿ. ಹಿಂದಿನದನ್ನು ನೋಡಿ ಬರೆಯುವ ಉಪಾಯ ಕೈಕೊಡುತ್ತದೆ. ಹನಿ ಎಂದರೆ ಚೂಪಾದ ಸಣ್ಣ ವಿವರ, ಹಾಗಾಗಿ ಮೊದಲ ಉಪಾಯದ ಕತ್ತರಿಗೂ ಅದೇ ಮೊದಲ ಬಲಿ. ಕೋಡೆಕ್ ಎರಡೂ ಕಡೆ ಸೋತು, ಮಳೆಯನ್ನು ಬೂದು ಬಣ್ಣದ ಒಂದು ತೆಳು ಪೊರೆಯಾಗಿ ಬಳಿದುಬಿಡುತ್ತದೆ. ಹೊಸ ಪೂರ್ಣ ಫ್ರೇಮು ಬಂದಾಗಲೊಮ್ಮೆ ಇಡೀ ಚಿತ್ರ ಉಸಿರೆಳೆದುಕೊಂಡಂತೆ ಚುರುಕಾಗಿ, ಮತ್ತೆ ಕಲಸಿಹೋಗುತ್ತದೆ.

ಈಗ 'ಮುಂಗಾರು ಮಳೆ'ಯನ್ನು ನೆನೆಸಿಕೊಳ್ಳಿ. 2006ರ ಡಿಸೆಂಬರ್ ಕೊನೆಗೆ ಬಂದು, ಬೆಂಗಳೂರಿನ ಮಲ್ಟಿಪ್ಲೆಕ್ಸಿನಲ್ಲಿ ವರ್ಷಕ್ಕೂ ಮೀರಿ ಓಡಿದ ಯೋಗರಾಜ್ ಭಟ್ಟರ ಚಿತ್ರ. ಎಸ್. ಕೃಷ್ಣ ಅವರ ಕ್ಯಾಮೆರಾ. ನಮ್ಮ ಪೀಳಿಗೆಯ ವಲಸಿಗರು ಅತಿ ಹೆಚ್ಚು ಸಲ ಪುಟ್ಟ ಫೈಲಿನಲ್ಲಿ ನೋಡಿದ ಚಿತ್ರವೂ ಬಹುಶಃ ಇದೇ. ಆ ಫೈಲಿನಲ್ಲಿ ಮುಂಗಾರು ಮಳೆ ಇದೆ, ಮಳೆ ಇಲ್ಲ.

ಮಳೆ ಇಲ್ಲದಿದ್ದರೆ ಏನು ಕಡಿಮೆಯಾಯಿತು ಎಂದು ಕೇಳಬಹುದು. ನಾನು ಸಾಗರದ ಕಡೆಯವನು. ನಮಗೆ ಸೋನೆ ಬೇರೆ, ಜಡಿ ಬೇರೆ, ಗಾಳಿಗೆ ಓರೆಯಾಗಿ ಬಂದು ಜಗಲಿಯನ್ನು ತೋಯಿಸುವ ಮಳೆ ಬೇರೆ. ಫೈಲಿಗೆ ಎಲ್ಲವೂ ಒಂದೇ ಗದ್ದಲ. ಆದರೆ ನನ್ನ ತಕರಾರು ಊರಿನ ಹಂಬಲದ್ದಲ್ಲ, ಚಿತ್ರದ ಅರ್ಥದ್ದು. ಚಿತ್ರದ ಪ್ರೀತಮ್ ಬಾಯಿ ಮುಚ್ಚದ ಹುಡುಗ. ಹುಡುಗಿಯ ಜತೆ ಮಾತು, ಅವಳಪ್ಪನ ಜತೆ ಮಾತು, ಯಾರೂ ಸಿಗದಿದ್ದರೆ ದೇವದಾಸನೆಂಬ ಮೊಲದ ಜತೆ ಮಾತು. ಪುಟ್ಟ ಫೈಲಿನಲ್ಲಿ ನೋಡಿದವರೆಲ್ಲ ಹೇಳುವುದು ಒಂದೇ: "ಏನ್ ಡೈಲಾಗು ಮಾರಾಯ!" ನಿಜ. ಆದರೆ 2007ರ ರಜೆಯಲ್ಲಿ ಶಿವಮೊಗ್ಗದ ಟಾಕೀಸಿನಲ್ಲಿ ನೋಡಿದಾಗ ನನಗೆ ಕಂಡ ಪ್ರೀತಮ್ ಬೇರೆ. ಅಲ್ಲಿ ಪರದೆಯ ಅಂಚಿನಿಂದ ಅಂಚಿಗೆ ಮಳೆ. ಅವನು ಅದರ ಎದುರಿಗೆ ನಿಂತು ಮಾತಾಡುತ್ತಾನೆ, ಅದು ಅವನ ಮಾತಿಗೆ ಕಿವಿಗೊಡುವುದಿಲ್ಲ. ಅವನ ಹರಟೆ ಗೆಲ್ಲುವವನ ಹರಟೆಯಲ್ಲ, ಮುಳುಗುತ್ತಿರುವವನದ್ದು. ಕೊನೆಗೆ ಅವನು ಹುಡುಗಿಯನ್ನು ಬಿಟ್ಟುಕೊಡುವುದು ನಮಗೆ ಒಪ್ಪಿಗೆಯಾಗುವುದು ಮೊದಲಿಂದಲೂ ತನಗಿಂತ ದೊಡ್ಡದೊಂದರ ಮುಂದೆ ಅವನು ಸೋಲುತ್ತಲೇ ಬಂದದ್ದನ್ನು ನಾವು ನೋಡಿರುವುದರಿಂದ. ಮಳೆಯನ್ನು ಅಳಿಸಿಬಿಟ್ಟರೆ ಉಳಿಯುವುದು ಮಾತುಗಾರ, ತ್ಯಾಗಮಯಿ ನಾಯಕ. ಅಂಥವರು ನಮ್ಮ ಸಿನಿಮಾದಲ್ಲಿ ಹಿಂದೆಯೂ ಬೇಕಾದಷ್ಟಿದ್ದರು. ಆಮೇಲೆ ಹತ್ತಾರು ಸಿನಿಮಾಗಳು ಈ ಚಿತ್ರದಿಂದ ಹರಟೆಯನ್ನಷ್ಟೇ ಎರವಲು ತಂದವು. ಅವುಗಳನ್ನು ಬರೆದವರೂ ಪುಟ್ಟ ಫೈಲಿನಲ್ಲೇ ನೋಡಿದ್ದರೋ ಏನೋ ಎಂದು ನನಗೊಂದು ಗುಮಾನಿ.

ಎರಡು ವರ್ಷದ ಹಿಂದೆ ರೈಲಿನಲ್ಲಿ ಊರಿಗೆ ಹೋಗುವಾಗ, ಪುಣೆಯಲ್ಲೇ ಹುಟ್ಟಿದ ಮಗಳಿಗೆ ಫೋನಿನಲ್ಲಿ ಈ ಚಿತ್ರ ತೋರಿಸುತ್ತಿದ್ದೆ. ಜೋಗದ ದೃಶ್ಯ ಬಂತು. ನೀರು ಚೌಕ ಚೌಕವಾಗಿ ಒಡೆದು, ಬಂಡೆಯ ಮೇಲೆ ಅಂಟಿಸಿದ ಬಿಳಿ ಕಾಗದದ ಹಾಗೆ ನಡುಗುತ್ತಿತ್ತು. "ಅಪ್ಪಾ, ನೆಟ್ ಸ್ಲೋ ಇದೆಯಾ?" ಎಂದಳು. ಡೌನ್‌ಲೋಡ್ ಮಾಡಿದ್ದು, ನೆಟ್ಟಿಗೂ ಇದಕ್ಕೂ ಸಂಬಂಧವಿಲ್ಲ, ಅದು ಜಲಪಾತ ಎಂದು ಹೇಳಬೇಕಾಯಿತು.

ಮಳೆಯಷ್ಟೇ ಅಲ್ಲ. ನಮ್ಮ ಜನಪ್ರಿಯ ಸಿನಿಮಾ ಯಾವ ಯಾವುದನ್ನು ಸಂಭ್ರಮ ಅಂದುಕೊಂಡಿದೆಯೋ ಅದೆಲ್ಲವೂ ಕೋಡೆಕ್ಕಿಗೆ ಕಂಟಕ. ಹೂವಿನ ಎಸಳು ಸುರಿಯುವುದು, ಹೊಗೆ, ಜಾತ್ರೆಯ ಜನ, ದೂಳು, ಜರಿ ಸೀರೆಯ ಮಿಂಚು. ಈ ದೃಷ್ಟಿಯಲ್ಲಿ ರವಿಚಂದ್ರನ್ ಅವರಷ್ಟು ದೊಡ್ಡ ವೈರಿ ಕೋಡೆಕ್ಕಿಗೆ ಇನ್ನೊಬ್ಬರಿಲ್ಲ. 'ಪ್ರೇಮಲೋಕ' (1987) ಮತ್ತು ಆನಂತರದ ಹಾಡುಗಳನ್ನು ವಿಸಿಡಿಯಲ್ಲಿ ನೋಡಿದವರಿಗೆ ನೆನಪಿರಬಹುದು, ಕೆಂಪು ಬಣ್ಣ ಅಂಚು ಮೀರಿ ಪಕ್ಕದವರ ಮೇಲೆ ಚೆಲ್ಲಿರುತ್ತಿತ್ತು. ಕಣ್ಣಿಗೆ ಬೆಳಕಿನ ವ್ಯತ್ಯಾಸ ಚೆನ್ನಾಗಿ ಗೊತ್ತಾಗುತ್ತದೆ, ಬಣ್ಣದ್ದು ಅಷ್ಟಿಲ್ಲ. ಅದಕ್ಕೇ ಈ ಫೈಲುಗಳು ಬಣ್ಣವನ್ನು ನಾಲ್ಕು ಚುಕ್ಕಿಗೆ ಒಂದರಂತೆ ಮಾತ್ರ ಇಟ್ಟುಕೊಳ್ಳುತ್ತವೆ. 352 ಅಗಲ, 288 ಎತ್ತರದ ವಿಸಿಡಿ ಚಿತ್ರದಲ್ಲಿ ಬಣ್ಣಕ್ಕೆ ಸಿಕ್ಕಿದ್ದು 176 ಮತ್ತು 144. ರವಿಚಂದ್ರನ್ ಕಟ್ಟಿದ ಲೋಕಕ್ಕೆ ಅಷ್ಟು ಜಾಗ ಎಲ್ಲಿ ಸಾಲಬೇಕು! ಹಂಸಲೇಖ ಮಾತ್ರ ಪೂರ್ತಿ ಉಳಿದರು. ನಮ್ಮಲ್ಲಿ ಅನೇಕರು ಆ ಚಿತ್ರಗಳನ್ನು "ಹಾಡು ಸೂಪರ್, ಸಿನಿಮಾ ಸುಮಾರು" ಎಂದು ನೆನಪಿಟ್ಟುಕೊಂಡಿರುವುದರಲ್ಲಿ ಈ ಲೆಕ್ಕದ ಪಾಲೂ ಇದೆ.

ವಿಸಿಡಿಯ ಮಾತು ಬಂದದ್ದರಿಂದ ಇನ್ನೊಂದು. ಒಂದು ಡಿಸ್ಕಿನಲ್ಲಿ ಹಿಡಿಯುತ್ತಿದ್ದುದು 74ರಿಂದ 80 ನಿಮಿಷ. ಸಿನಿಮಾ ಎರಡು ಡಿಸ್ಕು, ಉದ್ದವಿದ್ದರೆ ಮೂರು. ನಿರ್ದೇಶಕನ ಇಂಟರ್‌ವಲ್ ಒಂದು ಕಡೆ, ಡಿಸ್ಕಿನ ಇಂಟರ್‌ವಲ್ ಇನ್ನೊಂದು ಕಡೆ. ಹಾಸ್ಟೆಲಿನಲ್ಲಿ "ಮೂರನೇ ಡಿಸ್ಕು ಹಾಕ್ರೋ" ಎಂದರೆ ಫೈಟು ಮತ್ತು ಕ್ಲೈಮ್ಯಾಕ್ಸು ಎಂದೇ ಅರ್ಥ. ಮೊದಲ ಡಿಸ್ಕು ಗೀರಿ ಹಾಳಾಗಿದ್ದರೆ ಕಥೆಯ ಆರಂಭ ಗೊತ್ತಿಲ್ಲದೆಯೇ ನೋಡುತ್ತಿದ್ದೆವು, ಅದರಿಂದ ದೊಡ್ಡ ನಷ್ಟವೇನೂ ಆಗುತ್ತಿರಲಿಲ್ಲ. ಅದು ಆ ಸಿನಿಮಾಗಳ ಬಗ್ಗೆಯೂ ಒಂದು ವಿಮರ್ಶೆಯೇ.

ಉಳಿದುಕೊಂಡವರೂ ಇದ್ದಾರೆ. ರಾಜಕುಮಾರ್ ಉಳಿದರು. 'ಕಸ್ತೂರಿ ನಿವಾಸ'ದ (1971) ಕಪ್ಪುಬಿಳುಪು ಮುಖ ಎಂಥ ಹರಕು ಪ್ರತಿಯಲ್ಲೂ ತಾಳಿಕೊಳ್ಳುತ್ತದೆ. ಬಣ್ಣಕ್ಕೆ ಖರ್ಚಿಲ್ಲ, ಕ್ಯಾಮೆರಾ ಎದುರಿಗೇ ನಿಂತಿದೆ, ಮುಖ ಪರದೆ ತುಂಬಿದೆ, ಹಿಂದಿನ ಗೋಡೆ ಅಲುಗಾಡುವುದಿಲ್ಲ. ಇದ್ದಬದ್ದ ಬಿಟ್ಟುಗಳೆಲ್ಲ ಕಣ್ಣು ತುಟಿಗಳಿಗೇ ಮೀಸಲು. ಆ ಕಾಲದ ನಮ್ಮ ಚಿತ್ರಗಳ ರಂಗಭೂಮಿಯ ಗುಣವನ್ನು ದೋಷವೆಂದು ಎಣಿಸುವುದು ರೂಢಿ. ಬಡ ಪ್ರತಿಯಲ್ಲಿ ಅದೇ ಕಾಪಾಡಿತು.

ಈಚಿನವುಗಳಲ್ಲಿ 'ಕೆಜಿಎಫ್' ಮತ್ತು 'ಕಾಂತಾರ' ಎರಡನ್ನೂ ನಾನು ಪುಣೆಯ ಥಿಯೇಟರಿನಲ್ಲಿ ನೋಡಿ, ಆಮೇಲೆ ಫೋನಿನಲ್ಲಿ ಕಡಿಮೆ ದರ್ಜೆಯ ಡೌನ್‌ಲೋಡ್ ಇಳಿಸಿಕೊಂಡು ಮತ್ತೆ ನೋಡಿದೆ. ಹೋಲಿಸಿ ನೋಡಬೇಕೆಂದೇ. ಎರಡೂ ಕತ್ತಲೆಯ ಚಿತ್ರಗಳು, ಎರಡರಲ್ಲೂ ಬೆಂಕಿ, ದೂಳು, ಜನ. ಜಾಗ ಕಡಿಮೆಯಾದಾಗ ಕತ್ತಲೆಯೊಳಗಿನ ಸಣ್ಣ ವ್ಯತ್ಯಾಸಗಳು ಸೊನ್ನೆಯಾಗುತ್ತವೆ, ಕಪ್ಪೆಲ್ಲ ಒಂದೇ ಕಪ್ಪಾಗುತ್ತದೆ. 2018ರ 'ಕೆಜಿಎಫ್'ನಲ್ಲಿ ಭುವನ್ ಗೌಡ ಗಣಿಯ ಜನರನ್ನು ಮಸಿಯೊಳಗೆ ಮಸಿಯಾಗಿ, ಆದರೂ ಒಬ್ಬೊಬ್ಬರಾಗಿ ಕಾಣುವಂತೆ ಹಿಡಿದಿದ್ದರು. ಫೋನಿನಲ್ಲಿ ಆ ಜನ ಗೋಡೆಯೊಳಗೆ ಕರಗಿಹೋದರು. ರಾಕಿಯ ಮುಖ ಮಾತ್ರ ಸ್ಪಷ್ಟ. ಕೋಡೆಕ್ ಕೂಡ ಅಭಿಮಾನಿ ಸಂಘಕ್ಕೆ ಸೇರಿಕೊಂಡಂತಿದೆ. ಆದರೂ ಚಿತ್ರ ಕುಸಿಯಲಿಲ್ಲ. ಯಾಕೆಂದರೆ ಅಲ್ಲಿ ಕಂಡದ್ದನ್ನೆಲ್ಲ ಯಾರೋ ಒಬ್ಬರು ಹೇಳಿಯೂ ಇರುತ್ತಾರೆ. ಅನಂತನಾಗ್ ಅವರ ಕಂಠ ಕತ್ತಲೆಯಲ್ಲಿ ಕೈಹಿಡಿದು ನಡೆಸುತ್ತದೆ. ಪ್ರಶಾಂತ್ ನೀಲ್ ಕಟ್ಟಿದ್ದು ಯಾವ ಪರದೆಯಲ್ಲೂ ಸೋರದ ಚಿತ್ರ. ಅದು ಅದರ ಶಕ್ತಿ. ನನ್ನ ಮಟ್ಟಿಗೆ ಅದೇ ಅದರ ಮಿತಿಯೂ ಹೌದು. ಕಿವಿಯಿಂದಲೇ ತಿಳಿಯುವುದಾದರೆ ಅಷ್ಟು ಚೆಂದದ ಕತ್ತಲೆ ಯಾತಕ್ಕೆ?

2022ರ 'ಕಾಂತಾರ'ದ ಕಥೆ ಇದಕ್ಕೆ ತಿರುಗುಮುರುಗು. ಚಿತ್ರದ ಬಹುಪಾಲು, ಆ ಪೋಲಿತನ, ಜಗಳ, ಹಾಸ್ಯ ಎಲ್ಲ ಫೋನಿನಲ್ಲಿ ಆರಾಮಾಗಿ ಸಾಗುತ್ತದೆ. ಕೊನೆಯ ಭಾಗದಲ್ಲಿ ರಿಷಬ್ ಶೆಟ್ಟಿ ಮಾತನ್ನು ಪೂರ್ತಿ ಕೈಬಿಡುತ್ತಾರೆ. ದೈವ ಆವೇಶವಾದ ಮೇಲೆ ಉಳಿಯುವುದು ಕೂಗು, ಹೆಜ್ಜೆ, ಕೈಸನ್ನೆ, ಬೆಂಕಿಯ ಬೆಳಕು. ಊರವರ ಕೈಗಳನ್ನೂ ಅರಣ್ಯಾಧಿಕಾರಿಯ ಕೈಯನ್ನೂ ಒಂದುಗೂಡಿಸುವ ಸನ್ನೆಯಲ್ಲೇ ಇಡೀ ಜಗಳದ ತೀರ್ಮಾನವಿದೆ, ಅದನ್ನು ವಿವರಿಸಲು ಯಾವ ಕಂಠವೂ ಬರುವುದಿಲ್ಲ. ಥಿಯೇಟರಿನಲ್ಲಿ ಆ ಕೂಗು ನನ್ನ ಬೆನ್ನ ಹಿಂದಿನಿಂದ ಬಂತು, ಪಕ್ಕದ ಸೀಟಿನ ಮರಾಠಿ ಹುಡುಗ ತಿರುಗಿ ನೋಡಿದ. ಫೋನಿನಲ್ಲಿ ಅದೇ ಕೂಗು ಕಿವಿಯೊಳಗೆ ಚುಚ್ಚಿತು, ಬೆಂಕಿಯ ಸುತ್ತ ಕತ್ತಲೆ ಚೌಕಗಳಾಗಿ ಮಿಣುಕಿತು. "ಕೊನೆಯಲ್ಲಿ ಬರೀ ಕಿರುಚಾಟ" ಎಂದು ಬರೆದವರನ್ನು ನಾನು ದೂರುವುದಿಲ್ಲ. ಅವರು ನೋಡಿದ ಪ್ರತಿಯಲ್ಲಿ ಇದ್ದದ್ದು ಅಷ್ಟೇ ಇರಬಹುದು.

ಇಲ್ಲೊಂದು ವಿಚಿತ್ರವಿದೆ. ಕೋಡೆಕ್ಕಿಗೆ ಅತ್ಯಂತ ಪ್ರಿಯವಾದ ಶೈಲಿ ಯಾವುದು? ಕ್ಯಾಮೆರಾ ಒಂದು ಕಡೆ ನಿಲ್ಲಬೇಕು, ಕತ್ತರಿ ಆತುರ ಪಡಬಾರದು, ಚೌಕಟ್ಟಿನೊಳಗೆ ಒಂದೋ ಎರಡೋ ಚಲನೆ ಇರಬೇಕು. ಅಂದರೆ ಗಿರೀಶ ಕಾಸರವಳ್ಳಿ! 'ಘಟಶ್ರಾದ್ಧ'ದಂಥ (1977) ತಾಳ್ಮೆಯ ಚಿತ್ರ 300 ಎಂಬಿಯಲ್ಲಿ ಸಲೀಸಾಗಿ ಕೂರಬೇಕು. ಆದರೆ ಬಹಳ ಕಾಲ ನಮಗೆ ಸಿಗುತ್ತಿದ್ದ ಪ್ರತಿಗಳು ಸವೆದ ಪ್ರಿಂಟಿನಿಂದ ಎತ್ತಿದವು. ಗೀರು, ಚುಕ್ಕಿ, ಅಲುಗಾಟ ತುಂಬಿದವು. ಕೋಡೆಕ್ಕಿಗೆ ಗೀರೂ ಒಂದೇ, ಯಮುನಕ್ಕನ ಕಣ್ಣೂ ಒಂದೇ. ಕೊಟ್ಟ ಜಾಗವೆಲ್ಲ ಗೀರಿಗೆ ಖರ್ಚಾಗಿ ಎಸ್. ರಾಮಚಂದ್ರ ಅವರ ಬೆಳಕು ಬೂದಿಯಾಗುತ್ತಿತ್ತು. ಆ ಚಿತ್ರವನ್ನು ಶುದ್ಧಗೊಳಿಸಿ 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ತೋರಿಸಿದರು. ಆ ಶುದ್ಧ ಪ್ರತಿಯಿಂದ ಇಳಿಸಿದ ಪುಟ್ಟ ಫೈಲು ಕೂಡ ನಮ್ಮ ಹಳೆಯ ದೊಡ್ಡ ಫೈಲಿಗಿಂತ ಎಷ್ಟೋ ಮೇಲಾಗಿರುತ್ತದೆ. 'ತಿಥಿ' ಇದಕ್ಕೆ ಇನ್ನೊಂದು ಉದಾಹರಣೆ. ಗಡ್ಡಪ್ಪ ನಡೆಯುತ್ತಾನೆ, ಮಂಡ್ಯದ ಬಯಲು ಸುಮ್ಮನೆ ನಿಂತಿರುತ್ತದೆ. ಗಡ್ಡದ ಎಳೆ ಎಳೆ ಕಾಣದಿದ್ದರೂ ಆ ನಡಿಗೆಯ ಉಡಾಫೆ ಫೋನಿನಲ್ಲೂ ಒಂದಿಷ್ಟೂ ಕುಂದುವುದಿಲ್ಲ. ಹೀಗೆ, ಪುಟ್ಟ ಫೈಲಿನಲ್ಲಿ ಹೆಚ್ಚು ಓಡಾಡಿದ್ದು ಅದಕ್ಕೆ ಒಗ್ಗದ ಸಿನಿಮಾಗಳು, ಒಗ್ಗುವ ಸಿನಿಮಾಗಳು ಅಷ್ಟಾಗಿ ಓಡಾಡಲೇ ಇಲ್ಲ.

ಕಥೆ ಚೆನ್ನಾಗಿದ್ದರೆ ಯಾವ ಸೈಜಿನಲ್ಲಾದರೂ ಚೆನ್ನಾಗಿರುತ್ತದೆ ಎಂದು ಗೆಳೆಯನೊಬ್ಬನ ವಾದ. ಹಾಗಿದ್ದರೆ ನಮಗೆ ಬೇಕಾದದ್ದು ಸಿನಿಮಾ ಅಲ್ಲ, ಸಿನಿಮಾದ ಕ್ಯಾಸೆಟ್ಟು. ನಮ್ಮ ಬಾಲ್ಯದಲ್ಲಿ ಡೈಲಾಗು ಕ್ಯಾಸೆಟ್ಟುಗಳು ಸಿಗುತ್ತಿದ್ದವು. ಟೇಪ್ ರೆಕಾರ್ಡರಿನ ಸುತ್ತ ಕೂತು ಇಡೀ ಸಿನಿಮಾ ಕೇಳುತ್ತಿದ್ದೆವು, ಕಾಣದ್ದನ್ನು ಊಹಿಸಿಕೊಳ್ಳುತ್ತಿದ್ದೆವು. ಅದರಲ್ಲಿ ಮೋಸವಿರಲಿಲ್ಲ. ಕ್ಯಾಸೆಟ್ಟು ಯಾವತ್ತೂ ತಾನೇ ಸಿನಿಮಾ ಎಂದು ಹೇಳಿಕೊಳ್ಳಲಿಲ್ಲ. ಫೈಲು ಹೇಳಿಕೊಳ್ಳುತ್ತದೆ.

ಹಾಗಂತ ಅದರ ಋಣವನ್ನು ಮರೆಯುವುದೂ ಸಲ್ಲ. 2014ರಲ್ಲಿ 'ಉಳಿದವರು ಕಂಡಂತೆ' ಟಾಕೀಸಿನಲ್ಲಿ ಸೋತಿತು. ಅದನ್ನು ಎತ್ತಿ ಹಿಡಿದವರು ಆಮೇಲೆ ಮನೆಯಲ್ಲಿ, ಲ್ಯಾಪ್‌ಟಾಪಿನಲ್ಲಿ, ಫೋನಿನಲ್ಲಿ ಮತ್ತೆ ಮತ್ತೆ ನೋಡಿದವರು. ಮತ್ತೆ ಮತ್ತೆ ನೋಡುವ ಸವಲತ್ತು ಪರದೆಗೆ ಇರಲಿಲ್ಲ. ಒಂದೇ ಘಟನೆಯನ್ನು ಐದು ಬಗೆಯಲ್ಲಿ ಹೇಳುವ ಚಿತ್ರಕ್ಕೆ ಆ ಸವಲತ್ತು ಬೇಕೇ ಬೇಕಿತ್ತು. ಆದ್ದರಿಂದ ನನ್ನ ಕೋರಿಕೆ ಸಣ್ಣದು. ಹಳೆಯ ಪುಸ್ತಕದ ಬಗ್ಗೆ ಬರೆಯುವವರು ಎಷ್ಟನೆಯ ಮುದ್ರಣ ಎಂದು ನಮೂದಿಸುತ್ತಾರಲ್ಲ, ಹಾಗೆ ಈ ಪತ್ರಿಕೆಗೆ ಸಿನಿಮಾ ವಿಮರ್ಶೆ ಬರೆಯುವ ನಾವೂ ಒಂದು ಸಾಲು ಸೇರಿಸೋಣ: ಎಲ್ಲಿ ನೋಡಿದೆ, ಯಾವ ಪರದೆ, ಯಾವ ಪ್ರತಿ. ಛಾಯಾಗ್ರಹಣ "ಸಾಧಾರಣ" ಎಂದು ಷರಾ ಬರೆಯುವವರಿಗಂತೂ ಇದು ಕಡ್ಡಾಯವಾಗಲಿ.

ಕೊನೆಗೆ, ಈ ಲೆಕ್ಕಾಚಾರ ತಲೆಕೆಳಗಾಗುವ ಒಂದು ಚಿತ್ರ ಇದೆ. ಪ್ರೇಕ್ಷಕರೇ ದುಡ್ಡು ಹಾಕಿ ಮಾಡಿಸಿದ, ಪವನ್ ಕುಮಾರ್ ಅವರ 'ಲೂಸಿಯಾ' (2013). ಅದರ ನಿಕ್ಕಿ ಟಾಕೀಸಿನಲ್ಲಿ ಟಾರ್ಚ್ ಹಿಡಿದು ಸೀಟು ತೋರಿಸುವವನು. ನಿದ್ದೆ ಬಾರದವನಿಗೆ ಒಂದು ಮಾತ್ರೆ ಸಿಗುತ್ತದೆ. ಅವನ ಬದುಕು ಬಣ್ಣದಲ್ಲಿ, ಕನಸಿನಲ್ಲಿ ಕಾಣುವ ಸ್ಟಾರ್ ನಟನ ಬದುಕು ಕಪ್ಪುಬಿಳುಪಿನಲ್ಲಿ. ಪುಟ್ಟ ಫೈಲಿನಲ್ಲಿ ಬಣ್ಣದ ಭಾಗ ಕಲಸಿ ಮಂಜಾಗಿರುತ್ತದೆ, ಬಣ್ಣದ ಖರ್ಚಿಲ್ಲದ ಕಪ್ಪುಬಿಳುಪು ಭಾಗ ಅದಕ್ಕಿಂತ ಚೂಪಾಗಿ ನಿಲ್ಲುತ್ತದೆ. ನೋಡುತ್ತಾ ಹೋದಂತೆ ಕನಸೇ ನಿಜದಂತೆಯೂ, ನಿಜವೇ ಕನಸಿನಂತೆಯೂ ಕಾಣತೊಡಗುತ್ತದೆ. ಚಿತ್ರ ಕೊನೆಗೆ ಬಿಚ್ಚಿಡುವ ಗುಟ್ಟೂ ಅದೇ. ನಿರ್ದೇಶಕರು ಎರಡು ಗಂಟೆ ಬಚ್ಚಿಟ್ಟದ್ದನ್ನು ಫೈಲು ಮೊದಲ ಅರ್ಧ ಗಂಟೆಯಲ್ಲೇ ಪಿಸುಗುಟ್ಟಿಬಿಟ್ಟಿರುತ್ತದೆ. ಇನ್ನು ನಿಕ್ಕಿ ಕತ್ತಲೆಯ ಟಾಕೀಸಿನಲ್ಲಿ ಟಾರ್ಚ್ ಬಿಟ್ಟಾಗ ಆ ಬೆಳಕು ಮೆಲ್ಲಗೆ ಮಸುಕಾಗುವುದಿಲ್ಲ, ಮರದ ದಿಮ್ಮಿಯ ಬಳೆಗಳಂತೆ ಒಂದರ ಸುತ್ತ ಒಂದು ಉಂಗುರವಾಗಿ ನಿಲ್ಲುತ್ತದೆ. ಮುಂದಿನ ಸಲ ಅದನ್ನು ಫೋನಿನಲ್ಲಿ ನೋಡುವಾಗ ಎಣಿಸಿ ನೋಡಿ, ಏಳೋ ಎಂಟೋ ಸಿಗುತ್ತವೆ.